ಅಪ್ಪನ ತೋಳಿನ ಮೇಲೆ ಬಿಟ್ಟುಹೋದ ಸಾಲು

ಬೆಳಿಗ್ಗೆ ಎಂಟು ಗಂಟೆ ಇಪ್ಪತ್ತು ನಿಮಿಷ. ಅಂದಾಜಿನಿಂದ ಹೇಳುತ್ತಿಲ್ಲ. ಗಡಿಯಾರ ನೋಡಿ ಹೇಳಿದವನು ಅಪ್ಪ, ಬರೆದವಳು ನಾನು.

ನಾಚಾರಂನ ನಮ್ಮ ಮನೆಯ ವರಾಂಡದಲ್ಲಿ ಕಿಟಕಿಯ ಸರಳಿಗೆ ಒಂದು ಕನ್ನಡಿ ಕಟ್ಟಿದೆ. ಅಪ್ಪ ದಿನಾ ಅದರ ಮುಂದೆ ನಿಂತು ದಾಡಿ ಮಾಡಿಕೊಳ್ಳುತ್ತಾನೆ. ಸೈನ್ಯದಿಂದ ನಿವೃತ್ತನಾಗಿ ಬಂದ ಮೇಲೂ ಒಂದು ದಿನ ತಪ್ಪಿಸಿದವನಲ್ಲ. ಅವ್ವ ತೀರಿಕೊಂಡ ಮರುದಿನವೂ ಮಾಡಿಕೊಂಡಿದ್ದ. ಎಂಟು ಇಪ್ಪತ್ತರ ಆ ಬೆಳಿಗ್ಗೆ ನಾನು ಒಳಗೆ ಕಾಲೇಜಿಗೆ ಹೊರಡುವ ಗಡಿಬಿಡಿಯಲ್ಲಿದ್ದೆ. ಕೋಠಿಯ ಹತ್ತಿರ ಒಂದು ಕಾಲೇಜಿನಲ್ಲಿ ಇತಿಹಾಸ ಕಲಿಸುತ್ತೇನೆ. ಹೊರಗೆ ಸ್ಟೀಲಿನ ಮಗ್ಗಿನೊಳಗೆ ರೇಜರ್ ಬಿದ್ದ ಸಪ್ಪಳ ಕೇಳಿತು. ಒಂದು ಸಲ ಬಿದ್ದರೆ ಯಾರೂ ಎದ್ದು ಬಂದು ನೋಡುವುದಿಲ್ಲ. ಎರಡನೇ ಸಲವೂ ಬಿತ್ತು.

ಹೊರಗೆ ಬಂದಾಗ ಅಪ್ಪ ಎಡಗೈಯಿಂದ ರೇಜರ್ ಎತ್ತಿ ಬಲಗೈಗೆ ಕೊಡುತ್ತಿದ್ದ. ಬಲಗೈ ತೆಗೆದುಕೊಳ್ಳುತ್ತಿರಲಿಲ್ಲ. ಮುಖದ ಬಲ ಅರ್ಧದ ತುಂಬ ಇನ್ನೂ ಸೋಪಿನ ನೊರೆ. ಆ ನೊರೆಯ ಕೆಳಗೆ ಬಾಯಿಯ ಬಲಗಡೆ ಜಾರಿದ್ದು ನನಗೆ ಕಾಣಲೇ ಇಲ್ಲ.

“ಏನಾತಪಾ?” ಅಂದೆ.

ಅಪ್ಪ ಕುರ್ಚಿಯ ಮೇಲೆ ಕೂತ. ಗೋಡೆಯ ಗಡಿಯಾರ ನೋಡಿದ. “ಟೈಮ್” ಅಂದ. ಬಾಯಲ್ಲಿ ಬೆಲ್ಲದ ಹೆಂಟೆ ಇಟ್ಟುಕೊಂಡವರ ಹಾಗೆ ಬಂತು ಮಾತು.

“ನನ್ನ ಕಾಲೇಜಿನ ಟೈಮಿಗೆ ಏನ್ ಬಡಕೊಳ್ಳೂದೈತಿ ಬಿಡು. ನಿನಗೇನಾತು ಹೇಳು.”

“ಪೆನ್ನು. ಬರಿ. ಎಂಟ್ ಇಪ್ಪತ್ತು.” ಹಾಗೆಂದು ಎಡಗೈಯ ಬೆರಳಿನಿಂದ ತನ್ನ ಹಣೆಯನ್ನು ಮುಟ್ಟಿ ತೋರಿಸಿದ.

ಅವನು ಕೇಳುತ್ತಿರುವುದೇನೆಂದು ಆಗ ನನಗೆ ತಿಳಿಯಿತು. ಅಪ್ಪ ಸೈನ್ಯದಲ್ಲಿ ಬಂದೂಕು ಹಿಡಿದವನಲ್ಲ. ವೈದ್ಯಕೀಯ ದಳದಲ್ಲಿ ನರ್ಸಿಂಗ್ ಅಸಿಸ್ಟೆಂಟ್ ಆಗಿದ್ದವನು. ಗಾಯಾಳುಗಳಿಗೆ ಪಟ್ಟಿ ಕಟ್ಟುವುದು, ಸೂಜಿ ಚುಚ್ಚುವುದು, ಸ್ಟ್ರೆಚರಿನ ಜೊತೆ ಓಡುವುದು, ಇಪ್ಪತ್ತೆರಡು ವರ್ಷ ಅದೇ ಕೆಲಸ. ನಾನು ಸಣ್ಣವಳಿದ್ದಾಗಿನಿಂದ ಅವನು ಹೇಳುತ್ತಿದ್ದ ಕತೆಗಳಲ್ಲಿ ಗುಂಡಿನ ಸದ್ದು ಕಡಿಮೆ, ಪೆನ್ನಿನ ಮಾತು ಹೆಚ್ಚು. ಬೆಟ್ಟದ ಮೇಲಿನ ಒಂದು ಪೋಸ್ಟಿನಲ್ಲಿ ಯಾರಿಗಾದರೂ ಪೆಟ್ಟಾದರೆ, ಪೆಟ್ಟಾದ ಹೊತ್ತನ್ನು ಅವನ ಹಣೆಯ ಮೇಲೆ ಬರೆಯುತ್ತಾರೆ. ಕಾಗದ ಹಾರಿಹೋಗುತ್ತದೆ, ಹಣೆ ಹಾರಿಹೋಗುವುದಿಲ್ಲ. ಕೆಳಗಿನ ಪೋಸ್ಟಿಗೆ ಅವನನ್ನು ತಂದಾಗ ಅಲ್ಲಿಯವನು ತಾನು ಕೈಗೆ ತೆಗೆದುಕೊಂಡ ಹೊತ್ತನ್ನು ಅದರ ಕೆಳಗೆ ಬರೆಯಬೇಕು. ಅದರ ಕೆಳಗೆ ಇನ್ನೊಬ್ಬ. ಹಾಗೆ ಆಸ್ಪತ್ರೆಯವರೆಗೆ. “ಟೈಮ್ ಬರೆದಂವ ಆ ಮನಷ್ಯಾಗ ಜವಾಬ್ದಾರ,” ಅನ್ನುತ್ತಿದ್ದ ಅಪ್ಪ. “ಬರೀಲಿಲ್ಲ ಅಂದ್ರ ಅಂವ ಯಾರಿಗೂ ಸಂಬಂಧ ಇಲ್ದಂಗ ಆಗತಾನ.”

ಒಳಗಿನಿಂದ ಪೆನ್ನು ತಂದೆ. ಆದರೆ ಹಣೆಯ ಮೇಲೆ ಬರೆಯಲು ನನ್ನ ಕೈ ಏಳಲಿಲ್ಲ. ದಾಡಿ ಮುಗಿಸಿ ಸ್ನಾನ ಮಾಡಿ ಅಪ್ಪ ವಿಭೂತಿ ಹಚ್ಚುವ ಜಾಗ ಅದು. ತಂದೆಯ ಹಣೆಯ ಮೇಲೆ ಮಗಳು ಬಾಲ್‌ಪೆನ್ನಿನಿಂದ ಬರೆಯುವುದೆಂದರೇನು? ಅವನ ಬಲಗೈಯನ್ನು ನನ್ನ ತೊಡೆಯ ಮೇಲೆ ಇಟ್ಟುಕೊಂಡು ಮುಂಗೈಯ ಒಳಮೈ ಮೇಲೆ ದೊಡ್ಡದಾಗಿ ಬರೆದೆ: 8.20. ಅಪ್ಪ ತಲೆ ಅಲ್ಲಾಡಿಸಿದ, ಮತ್ತೆ ಹಣೆ ತೋರಿಸಿದ. “ಇರಲಿ ಬಿಡಪಾ, ಕೈ ಮ್ಯಾಲ ಐತಿ, ಕಾಣತೈತಿ,” ಅಂದೆ. ತುಂಬುತೋಳಿನ ಅಂಗಿ ತೊಡಿಸಿದೆ. ಅಪ್ಪ ಎಡಗೈಯಿಂದ ಬಲಗೈಯ ತೋಳನ್ನು ಎರಡು ಮಡಿಕೆ ಮೇಲಕ್ಕೆ ಮಡಿಚಿಕೊಂಡ, ಆ ಅಂಕಿ ಎದ್ದು ಕಾಣುವ ಹಾಗೆ.

ಅಪ್ಪನಿಗೆ ಏನಾಗಿದೆಯೆಂದು ನನಗೆ ಆಗ ಪೂರ್ತಿ ಗೊತ್ತಿರಲಿಲ್ಲ, ಅಪ್ಪನಿಗೆ ಗೊತ್ತಿತ್ತು. ನನಗೆ ಆಮೇಲೆ ತಿಳಿದದ್ದು ಇದು. ಮಿದುಳಿನ ರಕ್ತನಾಳದಲ್ಲಿ ರಕ್ತ ಹೆಪ್ಪುಗಟ್ಟಿ ಪಾರ್ಶ್ವವಾಯು ಹೊಡೆದಾಗ, ಆ ಹೆಪ್ಪು ಕರಗಿಸುವ ಒಂದು ಇಂಜೆಕ್ಷನ್ ಇದೆ. ನಾಲ್ಕೂವರೆ ಗಂಟೆಯೊಳಗೆ ಕೊಡಬೇಕು. ಬೇಗ ಕೊಟ್ಟಷ್ಟೂ ಕೈ ಕಾಲು ಮಾತು ಉಳಿಯುತ್ತವೆ. ತಡವಾದಷ್ಟೂ ಕಳೆದುಹೋಗುತ್ತವೆ. ಯಾವಾಗ ಶುರುವಾಯಿತು ಎಂದು ಹೇಳುವವರಿಲ್ಲದಿದ್ದರೆ ಡಾಕ್ಟರರು ಅದನ್ನು ಕೊಡಲು ಹಿಂಜರಿಯುತ್ತಾರೆ. ಮಾತು ಹೋಗುವ ಮೊದಲು ಅಪ್ಪ ಹೇಳಿದ ಕೊನೆಯ ಸರಿಯಾದ ಮಾತು ಅದೇ ಆಗಿತ್ತು, ಆ ಹೊತ್ತು. ಅಂದರೆ ಮಧ್ಯಾಹ್ನ ಹನ್ನೆರಡು ಐವತ್ತರವರೆಗೆ ನಮಗೆ ಸಮಯವಿತ್ತು.

ಬೀದಿಯ ತುದಿಯಲ್ಲಿ ಆಟೋ ಸಿಕ್ಕಿತು. ಚಾಲಕ ಅಪ್ಪನನ್ನು ಎತ್ತಿ ಕೂಡಿಸುವಾಗಲೇ ಮುಖ ನೋಡಿ, “ಚಾಚಾಕು ಲಕ್ವಾ ಮಾರೇಲಾ ಹೈ ಅಮ್ಮಾ,” ಅಂದ. ಪಾರ್ಶ್ವವಾಯು ಎಂದು ಅವನಿಗೂ ತಿಳಿದಿತ್ತು. ಕೈಗಾರಿಕಾ ವಸಾಹತಿನ ತಿರುವಿನಲ್ಲಿದ್ದ ಆಸ್ಪತ್ರೆಯ ಬೋರ್ಡು ತೋರಿಸಿ, “ಯಹೀಂಚ್ ಡಾಲ್ ದೇತೌಂ?” ಎಂದು ಕೇಳಿದ. ಇಲ್ಲೇ ಸೇರಿಸಲೇ ಎಂದು.

“ನಕ್ಕೋ ಭಾಯ್,” ಬೇಡ ಅಂದೆ. “ದೊಡ್ಡ ಆಸ್ಪತ್ರೆಗೆ ಹೋಗೋಣ. ಅಲ್ಲಿ ನಮ್ಮವರಿದ್ದಾರೆ.”

ಈ ಮಾತನ್ನು ನಾನು ಹಿಂದಿಯಲ್ಲಿ ಹೇಳಿದೆ. ಆದರೆ ‘ನಮ್ಮವರು’ ಎಂಬ ಆ ಭಾವನೆ ಪೂರ್ತಿ ಕನ್ನಡದ್ದು. ಆ ದೊಡ್ಡ ಖಾಸಗಿ ಆಸ್ಪತ್ರೆಯಲ್ಲಿ ಮಾಜಿ ಸೈನಿಕರಿಗಾಗಿ ಒಂದು ಸಹಾಯದ ಮೇಜು ಇತ್ತು. ಅದರ ಹಿಂದೆ ಕೂರುತ್ತಿದ್ದವರು ನಮ್ಮ ಕಾಕಾ. ರಕ್ತಸಂಬಂಧದ ಕಾಕಾ ಅಲ್ಲ. ಅಪ್ಪನ ಕೈಕೆಳಗೆ ನರ್ಸಿಂಗ್ ಅಸಿಸ್ಟೆಂಟ್ ಆಗಿ ಸೇರಿ, ಅಪ್ಪನಿಂದ ಸೂಜಿ ಹಿಡಿಯುವುದು ಕಲಿತು, ಸುಬೇದಾರ್ ಆಗಿ ನಿವೃತ್ತರಾದವರು. ಬೀದರ್ ಕಡೆಯವರು. ಅಪ್ಪನನ್ನು ‘ಉಸ್ತಾದ್’ ಎಂದೇ ಕರೆಯುತ್ತಿದ್ದರು. ಹಬ್ಬದ ದಿನ ನಮ್ಮ ಮನೆಯಲ್ಲಿ ಹೋಳಿಗೆ ತಿನ್ನುತ್ತಾ, “ಈ ಊರಾಗ ಕನ್ನಡದ ನಾಲಿಗಿ ಸಡಿಲ ಬಿಡಾಕ ನಿಮ್ಮನಿ ಒಂದ ಐತಿ ನೋಡ್ರಿ,” ಅನ್ನುತ್ತಿದ್ದರು. ಅಪ್ಪ ನನಗೆ ಎಷ್ಟೋ ಸಲ ಹೇಳಿದ್ದ: “ನನಗೇನರೆ ಆದ್ರ ಅವನ ಹಂತ್ಯಾಕ ಒಯ್ಯಿ. ಉಳಿದದ್ದು ಅಂವ ನೋಡ್ಕೋತಾನ.”

ಆಟೋ ಆ ಆಸ್ಪತ್ರೆಯ ತಿರುವು ದಾಟಿದಾಗ ಅಪ್ಪ ಎಡಗೈ ಎತ್ತಿ ಹೊರಗೆ ಏನನ್ನೋ ತೋರಿಸಿದ. ನೀರು ಕೇಳುತ್ತಿದ್ದಾನೆಂದು ಬಾಟಲಿಯ ಮುಚ್ಚಳ ತೆಗೆದು ಕೊಟ್ಟೆ. ನೀರು ಬಲಗಡೆಯಿಂದ ಅಂಗಿಯ ಮೇಲೆ ಸುರಿಯಿತು.

ಆಸ್ಪತ್ರೆ ತಲುಪಿದಾಗ ಒಂಬತ್ತು ಹತ್ತು. ಕಾಕಾ ಮೇಜು ಬಿಟ್ಟು ಓಡಿ ಬಂದರು. “ಏ ಉಸ್ತಾದ್, ಏನ್ರಿ ಇದು!” ಅಂದರು. ತಾವೇ ಗಾಲಿಕುರ್ಚಿ ತಂದು ಅಪ್ಪನನ್ನು ಕೂಡಿಸಿದರು. ನನ್ನ ಎದೆ ಹಗುರಾಯಿತು. ಅಳು ಬಂತು ಕೂಡ.

ಅಪ್ಪ ಮಾತಾಡಲು ನೋಡಿದ. ಆಗಲಿಲ್ಲ. ಎಡಗೈಯಿಂದ ಬಲಗೈಯನ್ನು ಎತ್ತಿ, ಒಳಮೈ ಮೇಲೆ ಮಾಡಿ, ಕಾಕಾನ ಕಣ್ಣಿನ ಮುಂದೆ ಹಿಡಿದ.

ಕಾಕಾ ಅದನ್ನು ನೋಡಿದರು. ನಾನು ಅವರ ಮುಖವನ್ನೇ ನೋಡುತ್ತಿದ್ದೆ. ಅವರ ಕಣ್ಣು ಆ ಅಂಕಿಯ ಮೇಲೆ ನಿಂತಿತು, ಓದಿತು. ಆಮೇಲೆ ಅವರು ತಮ್ಮ ಹಿಂದಿದ್ದ ತುರ್ತುವಿಭಾಗದ ಗಾಜಿನ ಬಾಗಿಲಿನ ಕಡೆ ಒಮ್ಮೆ ತಿರುಗಿ ನೋಡಿದರು. ಬಾಗಿಲಿಗೂ ನಮಗೂ ನಡುವೆ ಹತ್ತು ಹೆಜ್ಜೆಯೂ ಇರಲಿಲ್ಲ. ಮತ್ತೆ ನಮ್ಮ ಕಡೆ ತಿರುಗಿ ಬಗ್ಗಿ, ಅಪ್ಪನ ಅಂಗಿಯ ತೋಳಿನ ಮಡಿಕೆ ಒಂದೊಂದಾಗಿ ಬಿಚ್ಚಿ ಕೆಳಗೆಳೆದು, ಮುಂಗೈಯ ಹತ್ತಿರ ಗುಂಡಿ ಹಾಕಿದರು. ಎರಡೂ ಕೈ ಬಳಸಿ, ಸಾವಕಾಶವಾಗಿ, ಹಬ್ಬಕ್ಕೆ ಮಗುವಿಗೆ ಅಂಗಿ ತೊಡಿಸಿದ ಹಾಗೆ.

ಆ ಗಳಿಗೆಯಲ್ಲಿ ನನಗೆ ಅದು ಪ್ರೀತಿಯ ಹಾಗೆ ಕಂಡಿತು.

“ಅವ್ವಿ, ಇಲ್ಲಿ ಬೆಡ್ ಖಾಲಿ ಇಲ್ಲ,” ಅಂದರು. “ಬಿಪಿ ಏರೇತಿ, ಅಷ್ಟ. ಅಂಜಬ್ಯಾಡ. ಕಾರ್ಡಿನ ಪೇಶಂಟ್ ಅಂದ ಮ್ಯಾಲ ಪಾಲಿಕ್ಲಿನಿಕ್ಕಿನ ಚೀಟಿ ಬೇಕಾಗತೈತಿ. ನೀ ಅಲ್ಲಿ ಹೋಗಿ ಚೀಟಿ ಬರಿಸ್ಕೊಂಡ್ ಬಾ, ನಾ ಸೀದಾ ಒಳಗ ತಗೋತೀನಿ.”

“ಕಾಕಾ, ಒಮ್ಮೆ ಡಾಕ್ಟರ್ ನೋಡಿದ್ರ...”

“ರೂಲು ಐತೆವ್ವಾ. ನಾ ಅಲ್ಲಿಗೆ ಫೋನ್ ಮಾಡಿ ಹೇಳಿರ್ತೀನಿ, ನೀ ಹೋಗೂದ್ರಾಗ ಅವರು ತಯಾರ ಇರ್ತಾರ.”

ಮಾಜಿ ಸೈನಿಕರ ಕುಟುಂಬಗಳಿಗೆ ಚೀಟಿಯ ವಿಷಯ ಹೊಸದಲ್ಲ. ಆರೋಗ್ಯದ ಕಾರ್ಡು ತೆಗೆದುಕೊಂಡು ಮೊದಲು ಕಂಟೋನ್ಮೆಂಟ್ ಕಡೆಯ ಪಾಲಿಕ್ಲಿನಿಕ್ಕಿಗೆ ಹೋಗಬೇಕು, ಅಲ್ಲಿಯ ಡಾಕ್ಟರು ಚೀಟಿ ಬರೆದ ಮೇಲೆ ಹೊರಗಿನ ಆಸ್ಪತ್ರೆ. ಕಣ್ಣಿನ ಪೊರೆಗೂ ಹಾಗೆ, ಮೊಣಕಾಲಿಗೂ ಹಾಗೆ. ಅಪ್ಪ ಜೀವಮಾನವಿಡೀ ಸಾಲಿನಲ್ಲಿ ನಿಂತವನು, ನನಗೂ ಅದನ್ನೇ ಕಲಿಸಿದವನು. ಹಾಗಾಗಿ ನಾನು ಜಗಳ ಆಡಲಿಲ್ಲ. ಓದಿದವಳು, ಮಕ್ಕಳಿಗೆ ದಿನಾ ಪ್ರಶ್ನೆ ಕೇಳಿರಿ ಎನ್ನುವವಳು, ಒಂದು ಪ್ರಶ್ನೆ ಕೇಳದೆ ಅಪ್ಪನನ್ನು ಮತ್ತೆ ಆಟೋಕ್ಕೆ ಏರಿಸಿದೆ. ಕಾಕಾ ತಾವೇ ಅಪ್ಪನ ಕಾಲು ಎತ್ತಿ ಒಳಗಿಟ್ಟರು. ಆಗ ಒಂಬತ್ತೂವರೆ.

ಆಟೋದವನು ಮಾತ್ರ ಕನ್ನಡಿಯಲ್ಲಿ ನನ್ನನ್ನು ನೋಡಿ, “ಇತ್ತೇ ಬಡೇ ದವಾಖಾನೇ ಮೇಂ ಭೀ ನೈಂ ಲಿಯೇ?” ಎಂದು ಕೇಳಿದ. ಇಷ್ಟು ದೊಡ್ಡ ಆಸ್ಪತ್ರೆಯವರೂ ತೆಗೆದುಕೊಳ್ಳಲಿಲ್ಲವೇ. ನಾನು ಕಂಟೋನ್ಮೆಂಟಿನ ದಾರಿ ಹೇಳಿದೆ.

ತಾರ್ನಾಕಾದಲ್ಲಿ ವಾಹನಗಳು ಸಿಕ್ಕಿಕೊಂಡಿದ್ದವು. ಪಾಲಿಕ್ಲಿನಿಕ್ ತಲುಪಿದಾಗ ಹತ್ತು ಇಪ್ಪತ್ತು. ಯಾರೂ ತಯಾರಿರಲಿಲ್ಲ. ಯಾವ ಫೋನೂ ಬಂದಿರಲಿಲ್ಲ. ಅಪ್ಪನಿಗೊಂದು ಗಾಲಿಕುರ್ಚಿ ಕೊಟ್ಟು, ಟೋಕನ್ ತೆಗೆದುಕೊಂಡು ಕೂರಿ ಅಂದರು. ಬೆಂಚುಗಳ ತುಂಬ ಅಪ್ಪನ ವಯಸ್ಸಿನವರು, ಕ್ಷೌರ ಮಾಡಿಕೊಂಡು, ಷೂ ಹೊಳಪಿಸಿಕೊಂಡು, ಫೈಲುಗಳನ್ನು ತೊಡೆಯ ಮೇಲೆ ನೆಟ್ಟಗೆ ಇಟ್ಟುಕೊಂಡು ಕೂತಿದ್ದರು. ಅವರ ನಡುವೆ ಅಪ್ಪನೂ ಸುಮ್ಮನೆ ಕೂತ ಮತ್ತೊಬ್ಬ ಮುದುಕನ ಹಾಗೆ ಕಂಡ. ಅರ್ಧ ದಾಡಿ ಮಾಡಿದ ಮುಖ, ಒಣಗಿದ ಸೋಪು, ಗುಂಡಿ ಹಾಕಿದ ತೋಳು. ಕೌಂಟರಿನವನಿಗೆ ನಾನು ಎರಡು ಸಲ ಹೇಳಿದೆ. “ಇಲ್ಲಿ ಎಲ್ಲರಿಗೂ ಅರ್ಜೆಂಟೇ ಮೇಡಂ,” ಅಂದ ಅವನು. ಅಪ್ಪ ಗುಂಡಿಯ ಮೇಲೆ ಎಡಗೈ ಬೆರಳಾಡಿಸುತ್ತಿದ್ದ. ಒಂದೇ ಕೈಯಿಂದ, ಅದೂ ಎಡಗೈಯಿಂದ, ಆ ಸಣ್ಣ ಗುಂಡಿ ಬಿಚ್ಚುವುದಾಗಲಿಲ್ಲ. ಚಡಪಡಿಕೆ ಎಂದುಕೊಂಡು ನಾನು ಅವನ ಕೈ ಹಿಡಿದು ಸುಮ್ಮನಿರಿಸಿದೆ. ಅವನ ಜೀವ ಉಳಿಸುವ ಅಂಕಿಯ ಮೇಲೆ ನಾನೇ ಕೈಯಿಟ್ಟು ಕೂತಿದ್ದೆ.

ಡಾಕ್ಟರರ ಮುಂದೆ ಹೋಗುವ ಮೊದಲು ಎಲ್ಲರ ಬಿಪಿ ನೋಡುವ ಪದ್ಧತಿ ಅಲ್ಲಿದೆ. ನಮ್ಮ ಸರದಿ ಬಂತು. ಗಾಲಿಕುರ್ಚಿಯ ಬಲಗಡೆ ಕೂತಿದ್ದ ನರ್ಸು ತನಗೆ ಹತ್ತಿರವಿದ್ದ ಕೈ ಎಳೆದುಕೊಂಡು, ಗುಂಡಿ ಬಿಚ್ಚಿ ತೋಳು ಮೇಲೇರಿಸಿದಳು. ಅಂಕಿ ನೋಡಿದಳು. ಬಿಪಿಯ ಪಟ್ಟಿ ಅಲ್ಲೇ ಬಿಟ್ಟು ಎದ್ದು ಒಳಗೆ ಹೋದಳು.

ಬಂದವರು ನರೆಗೂದಲಿನ ಒಬ್ಬ ಡಾಕ್ಟರಮ್ಮ, ಅವರೂ ಸೈನ್ಯದಿಂದ ನಿವೃತ್ತರಾದವರು. ಅಪ್ಪನ ತೋಳು ಹಿಡಿದು, “ಇದು ಯಾರು ಬರೆಸಿದ್ದು?” ಎಂದು ಹಿಂದಿಯಲ್ಲಿ ಕೇಳಿದರು.

“ಅವನೇ. ಅವನು ನರ್ಸಿಂಗ್ ಅಸಿಸ್ಟೆಂಟ್ ಇದ್ದ.”

“ಈಗ ಹನ್ನೊಂದು ಇಪ್ಪತ್ತೈದು. ಇಲ್ಲಿಯವರೆಗೆ ಎಲ್ಲಿದ್ದಿರಿ?”

ಹೇಳಿದೆ. ಚೀಟಿ ಬೇಕೆಂದರು, ಅದಕ್ಕೆ ಬಂದೆವು ಎಂದೆ. ಅವರು ನನ್ನನ್ನು ನೋಡಿದ ರೀತಿ ಮರೆಯುವುದಕ್ಕಾಗುವುದಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

“ಇಂಥ ತುರ್ತಿಗೆ ಚೀಟಿ ಬೇಕಿಲ್ಲಮ್ಮ. ನೇರ ಸೇರಿಸಿಕೊಂಡು ಆಮೇಲೆ ಆಸ್ಪತ್ರೆಯವರೇ ನಮಗೆ ತಿಳಿಸಬೇಕು. ಆ ಮೇಜಿನ ಹಿಂದೆ ಕೂರುವವನಿಗೆ ಗೊತ್ತಿರುವ ಮೊದಲನೇ ನಿಯಮ ಅದು.”

ಮಾತಾಡುತ್ತಲೇ ಅವರು ಜೇಬಿನಿಂದ ಪೆನ್ನು ತೆಗೆದರು. 8.20ರ ಕೆಳಗೆ 11.25 ಎಂದು ಬರೆದು ಪಕ್ಕದಲ್ಲಿ ತಮ್ಮ ಸಣ್ಣ ಸಹಿ ಹಾಕಿದರು. ಅಪ್ಪನ ಕಣ್ಣಿನಲ್ಲಿ ನೀರು ಬಂತು. ಆ ಬೆಳಗಿನಿಂದ ಮೊದಲ ಸಲ ಯಾರೋ ಅವನನ್ನು ಕೈಗೆ ತೆಗೆದುಕೊಂಡಿದ್ದರು.

ಪಾಲಿಕ್ಲಿನಿಕ್ಕಿನ ಆಂಬುಲೆನ್ಸಿನಲ್ಲಿ ಸೇನಾ ಆಸ್ಪತ್ರೆಗೆ ಹೋದೆವು. ಬಾಗಿಲಲ್ಲಿ ನಿಂತಿದ್ದವನು ತೋಳು ನೋಡಿ ಕೆಳಗೆ ಇನ್ನೊಂದು ಸಾಲು ಬರೆದ. ಸ್ಕ್ಯಾನ್ ಆಯಿತು. ಇಂಜೆಕ್ಷನ್ ಕೊಟ್ಟಾಗ ಹನ್ನೆರಡು ಮೂವತ್ತೈದು. ಗಡುವಿಗೆ ಹದಿನೈದು ನಿಮಿಷ ಉಳಿದಿತ್ತು.

ಅಪ್ಪ ಬದುಕಿದ. ಮಾತು ಸ್ವಲ್ಪ ಸ್ವಲ್ಪವಾಗಿ ಮರಳಿತು, ನಿಧಾನ, ಆದರೆ ತಿಳಿಯುವಷ್ಟು. ಕಾಲು ಕೋಲು ಹಿಡಿದು ನಡೆಯುವಷ್ಟಾಯಿತು. ಬಲಗೈ ಮರಳಲಿಲ್ಲ. ಸಾವಿರಾರು ಜನರಿಗೆ ನೋವಾಗದ ಹಾಗೆ ಸೂಜಿ ಚುಚ್ಚಿದ ಕೈ. ಒಂಬತ್ತೂವರೆಗೇ ಇಂಜೆಕ್ಷನ್ ಸಿಕ್ಕಿದ್ದರೆ ಉಳಿಯುತ್ತಿತ್ತೇ ಎಂದು ಅಲ್ಲಿಯ ಡಾಕ್ಟರನ್ನು ಕೇಳಿದೆ. “ಉಳಿಯುವ ಸಂಭವ ಹೆಚ್ಚಿತ್ತು,” ಅಂದರು. ಎರಡನೇ ದಿನ ವಾರ್ಡಿನ ನರ್ಸೊಬ್ಬಳು ಸ್ಪಿರಿಟ್ಟಿನ ಹತ್ತಿಯಿಂದ ತೋಳಿನ ಬರಹವನ್ನೆಲ್ಲ ಒರೆಸಿದಳು.

ನಾಲ್ಕನೇ ದಿನ ಕಾಕಾ ಮೂಸಂಬಿ ಹಿಡಿದುಕೊಂಡು ಬಂದರು. ಅಪ್ಪನ ಹಾಸಿಗೆಯ ಪಕ್ಕ ಕೂತು, “ಉಸ್ತಾದ್, ಗಟ್ಟಿ ಜೀವಾರಿ ನಿಮ್ದು,” ಅಂದರು. ಅಪ್ಪ ಅವರ ಮುಖವನ್ನೇ ನೋಡುತ್ತಿದ್ದ. ಅವರನ್ನು ಕಳಿಸುವ ನೆಪದಲ್ಲಿ ನಾನು ಹೊರಗಿನ ಪಡಸಾಲೆಯವರೆಗೂ ಹೋದೆ.

“ಕಾಕಾ, ಅಪ್ಪನ ಕೈ ಮ್ಯಾಲ ಬರೆದದ್ದು ನೀವು ಓದಿದ್ರಿ ಅಲ್ಲ?”

“ಏನ್ ಬರೆದದ್ದು?”

“ಎಂಟ್ ಇಪ್ಪತ್ತು.”

“ನಾ ನೋಡಿಲ್ಲವ್ವಾ. ಗಡಿಬಿಡ್ಯಾಗ ಯಾರು ನೋಡತಾರ?”

“ಮತ್ತ ತೋಳು ಯಾಕ ಇಳಿಸಿ ಗುಂಡಿ ಹಾಕಿದ್ರಿ?”

ಕಾಕಾ ತಮ್ಮ ಕೈಯ ಚೀಲದ ಹಿಡಿಕೆಯನ್ನು ತಿರುವಿದರು. “ಎಸಿ ಇತ್ತಲ್ಲ, ಥಂಡಿ. ಮುದುಕರಿಗೆ ಥಂಡಿ ಆಗತೈತಿ,” ಅಂದರು.

ಬೆಡ್ ಖಾಲಿ ಇಲ್ಲವೆಂಬ ಮಾತೂ ಸುಳ್ಳೆಂದು ಆಮೇಲೆ ತಿಳಿಯಿತು. ನನ್ನ ಜೊತೆ ಕೆಲಸ ಮಾಡುವವರೊಬ್ಬರ ಅತ್ತೆಯನ್ನು ಅದೇ ದಿನ ಹತ್ತು ಗಂಟೆಗೆ ಅದೇ ತುರ್ತುವಿಭಾಗಕ್ಕೆ ಸೇರಿಸಿಕೊಂಡಿದ್ದರು. ಅವರು ಕಾರ್ಡಿನವರಲ್ಲ, ಕೈಯಿಂದ ಹಣ ಕಟ್ಟುವವರು, ಅಷ್ಟೇ ವ್ಯತ್ಯಾಸ. ನಾನು ಆಸ್ಪತ್ರೆಯ ಮೇಲೆ ದೂರು ಬರೆದೆ. ಒಂದು ತಿಂಗಳಿಗೆ ಉತ್ತರ ಬಂತು: ಆ ದಿನ ಆ ಹೆಸರಿನ ರೋಗಿ ಆಸ್ಪತ್ರೆಗೆ ಬಂದ ಬಗ್ಗೆ ಯಾವ ನೋಂದಣಿಯೂ ಇಲ್ಲ. ಅಪ್ಪ ಹೇಳುತ್ತಿದ್ದದ್ದು ಅದೇ ತಾನೇ. ಬರೆಯದಿದ್ದರೆ ಮನುಷ್ಯ ಯಾರಿಗೂ ಸಂಬಂಧವಿಲ್ಲದ ಹಾಗಾಗುತ್ತಾನೆ. ಒಂಬತ್ತು ಹತ್ತರಿಂದ ಒಂಬತ್ತೂವರೆಯವರೆಗೆ ನನ್ನ ಅಪ್ಪ ಎಲ್ಲಿಯೂ ಇರಲಿಲ್ಲ.

ಮನೆಗೆ ಬಂದ ಮೇಲೆ ನಿದ್ದೆ ನಮ್ಮಿಬ್ಬರನ್ನೂ ಬಿಟ್ಟುಹೋಯಿತು. ಕಣ್ಣು ಮುಚ್ಚಿದರೆ ಆ ಬಿಳಿ ಗುಂಡಿ, ಅದರ ಮೇಲೆ ಕಾಕಾನ ಹೆಬ್ಬೆರಳು. ನಾನು ಆ ಬೆಳಗನ್ನು ಬೇರೆ ಬೇರೆ ಥರ ನಡೆಸಿ ನೋಡುತ್ತಿದ್ದೆ. ಒಂದರಲ್ಲಿ ಆಟೋದವನ ಮಾತು ಕೇಳುತ್ತಿದ್ದೆ. ಇನ್ನೊಂದರಲ್ಲಿ ಕಾಕಾನನ್ನು ಪಕ್ಕಕ್ಕೆ ತಳ್ಳಿ ಗಾಜಿನ ಬಾಗಿಲು ಒದ್ದು ಒಳಗೆ ಹೋಗುತ್ತಿದ್ದೆ. ಎಲ್ಲಕ್ಕಿಂತ ಹೆಚ್ಚಾಗಿ ನೋಡುತ್ತಿದ್ದದ್ದು, ಅಪ್ಪ ಹೇಳಿದ ಹಾಗೆ ಹಣೆಯ ಮೇಲೆ ಬರೆದದ್ದು. ಹಣೆಗೆ ಯಾರು ಗುಂಡಿ ಹಾಕುತ್ತಿದ್ದರು? ಪಕ್ಕದ ಮಂಚದಲ್ಲಿ ಅಪ್ಪನೂ ಕಣ್ಣು ತೆರೆದೇ ಇರುತ್ತಿದ್ದ. ಒಬ್ಬರಿಗೊಬ್ಬರು ಮಲಗಿದ್ದೇವೆಂದು ನಟಿಸುತ್ತಿದ್ದೆವು. ಬೆಳಿಗ್ಗೆ ಎಂಟು ಇಪ್ಪತ್ತಾಗುವ ಹೊತ್ತಿಗೆ ಇಬ್ಬರೂ ಏನಾದರೂ ಕೆಲಸ ಹುಡುಕಿಕೊಂಡು ಗಡಿಯಾರದ ಗೋಡೆಗೆ ಬೆನ್ನು ಮಾಡುತ್ತಿದ್ದೆವು.

ಒಂದು ದಿನ ಕಾರಣವಿಲ್ಲದೆ ಕತ್ತರಿ ತೆಗೆದುಕೊಂಡು ಅಪ್ಪನ ಎಲ್ಲ ಅಂಗಿಗಳ ಬಲತೋಳಿನ ಗುಂಡಿ ಕತ್ತರಿಸಿದೆ. ಮರುದಿನ ಅಂಗಿ ತೊಡಿಸುವಾಗ ಅಪ್ಪ ಜೋತಾಡುವ ತೋಳನ್ನು ನೋಡಿದ.

“ಗುಂಡಿ ಎಲ್ಲಿ?”

“ಹರಿದು ಬಿದ್ದಾವು.”

“ಎಲ್ಲಾ ಅಂಗೀವೂ?”

ನಾನು ಎಡತೋಳಿನ ಗುಂಡಿ ಹಾಕತೊಡಗಿದೆ. ಅವನಿಗೆ ಕಾಕಾನ ಬಗ್ಗೆ ಹೇಳಬಾರದೆಂದು ನಿಶ್ಚಯಿಸಿಕೊಂಡಿದ್ದೆ. ಕೈ ಹೋಗಿದೆ, ಗೆಳೆಯನೂ ಹೋದನೆಂದು ತಿಳಿಯುವುದು ಬೇಡ ಎಂದು.

“ಅಂವ ಓದ್ಯಾನ,” ಅಂದ ಅಪ್ಪ. ಒಂದೊಂದು ಅಕ್ಷರವನ್ನೂ ಎತ್ತಿ ಇಟ್ಟ ಹಾಗೆ. “ನಾ ನೋಡೇನಿ. ಅವನ ಕಣ್ಣು. ನನಗ ಮಾತ್ ಹೋಗಿತ್ತು, ಬುದ್ಧಿ ಹೋಗಿರಲಿಲ್ಲ.”

“ಮತ್ತ ಇಷ್ಟ್ ದಿನ ಯಾಕ ಸುಮ್ಮನಿದ್ದಿ?”

“ನೀ ಯಾಕ ಸುಮ್ಮನಿದ್ದಿ?” ಎಂದು ನಕ್ಕ. ಬಾಯಿಯ ಅರ್ಧವಷ್ಟೇ ನಕ್ಕಿತು. “ಬರಲಿ ಅಂವ. ಐತವಾರ ಬರ್ತಾನಲ್ಲ.”

ಕಾಕಾ ಪ್ರತಿ ಭಾನುವಾರ ಬರುತ್ತಿದ್ದರು. ನಾನು ಪಡಸಾಲೆಯಲ್ಲಿ ಅಷ್ಟು ಕೇಳಿದ ಮೇಲೂ ಬರುತ್ತಿದ್ದರು. ಬರದಿದ್ದರೆ ತಪ್ಪು ಒಪ್ಪಿಕೊಂಡ ಹಾಗಾಗುತ್ತದೆಂದೇನೋ. ಆ ಭಾನುವಾರ ಹನ್ನೊಂದರ ಹೊತ್ತಿಗೆ ಬಂದು ವರಾಂಡದಲ್ಲಿ ಕೂತರು. ನಾನು ಚಹಾ ಇಟ್ಟೆ. ಅಪ್ಪನ ಕೆನ್ನೆಯ ಗಾಯ ನೋಡಿ, “ಎಡಗೈಲೆ ದಾಡಿ ಮಾಡ್ಕೊಳ್ಳಾಕತ್ತೀರೇನ್ರಿ ಉಸ್ತಾದ್? ಇನ್ನ ಎಡಗೈಲೇ ಸೆಲ್ಯೂಟ್ ಹೊಡೀರಿ, ಕರ್ನಲ್ ಸಾಬ್ ನೋಡಿದ್ರ ಕ್ವಾರ್ಟರ್ ಗಾರ್ಡಿನ ಕೋಣ್ಯಾಗ ಕೂಡಿ ಹಾಕತಾರ!” ಎಂದು ತಾವೇ ದೊಡ್ಡದಾಗಿ ನಕ್ಕರು.

ಅಪ್ಪ ನಗಲಿಲ್ಲ. ಎಡಗೈಯಿಂದ ಬಲಗೈ ಎತ್ತಿ ಚಹಾದ ಸ್ಟೂಲಿನ ಮೇಲೆ ಇಟ್ಟ. ಗುಂಡಿಯಿಲ್ಲದ ತೋಳು ತಾನಾಗಿಯೇ ಹಿಂದೆ ಸರಿಯಿತು.

“ಅವ್ವಿ, ಪೆನ್ನು ತಾ. ಬರಿ. ಎಂಟ್ ಇಪ್ಪತ್ತು.”

ಮೊದಲು ಬರೆದ ಜಾಗದಲ್ಲೇ ಬರೆದೆ.

“ಕೆಳಗೊಂದು ಸಾಲು ಬಿಡು. ಡಾಕ್ಟರಮ್ಮಂದು ಬರಿ.”

ಒಂದು ಸಾಲಿನ ಜಾಗ ಬಿಟ್ಟು 11.25 ಬರೆದೆ. ಅಪ್ಪ ನನ್ನ ಕೈಯಿಂದ ಪೆನ್ನು ತೆಗೆದುಕೊಂಡು ಕಾಕಾನ ಮುಂದೆ ಹಿಡಿದ.

“ನಡುವಿಂದು ನಿಂದು.”

ಕಾಕಾ ಪೆನ್ನು ತೆಗೆದುಕೊಳ್ಳಲಿಲ್ಲ. ಬೀದಿಯಲ್ಲಿ ತರಕಾರಿಯವನು ಕೂಗುತ್ತಾ ಹೋದ. ಆ ಕೂಗು ಮೂಲೆ ತಿರುಗಿ ಮರೆಯಾಗುವವರೆಗೂ ಅಪ್ಪ ಪೆನ್ನನ್ನು ಹಾಗೇ ಹಿಡಿದಿದ್ದ.

“ಉಸ್ತಾದ್,” ಅಂದರು ಕೊನೆಗೆ. “ಆ ವಾರ ಮ್ಯಾಲಿಂದ ಹೇಳಿದ್ರು. ಸರ್ಕಾರದಿಂದ ಬಿಲ್ಲಿನ ರೊಕ್ಕ ಬಂದಿಲ್ಲ, ಕಾರ್ಡಿನವರನ್ನ ಒಳಗ ಬಿಡಬ್ಯಾಡ, ಏನರೆ ನೆಪ ಹೇಳಿ ಕಳಸು ಅಂತ. ಒಬ್ಬರನ್ನ ಬಿಟ್ರೂ ನಾಳಿಂದ ಬರಬ್ಯಾಡ ಅಂದಿದ್ರು. ಈ ವಯಸ್ಸಿನ್ಯಾಗ ಇನ್ನೊಂದು ನೌಕರಿ ಯಾರ್ ಕೊಡ್ತಾರ್ರಿ ನನಗ? ಕೈ ಮ್ಯಾಲಿಂದು ಒಳಗಿನ ಡಾಕ್ಟರ್ ಯಾರರೆ ನೋಡಿದ್ರ...”

“ಕಾರಣ ಕೇಳಿಲ್ಲ,” ಅಂದ ಅಪ್ಪ. “ಟೈಮ್ ಕೇಳೇನಿ.”

ಕಾಕಾ ಪೆನ್ನು ಹಿಡಿದರು. ಅಪ್ಪನ ತೋಳಿನ ಕೆಳಗೆ ಇನ್ನೊಂದು ಕೈ ಕೊಟ್ಟು ಆನಿಸಿಕೊಂಡರು, ಕಲಿತ ಪದ್ಧತಿಯ ಹಾಗೆ. 9 ಸೊಟ್ಟಗಾಯಿತು. ಅದನ್ನು ಹೊಡೆದು ಪಕ್ಕದಲ್ಲಿ ಮತ್ತೆ ಬರೆದರು: 9.10.

“ಸಹಿ.”

ಸಹಿ ಹಾಕಿದರು. ಅಪ್ಪ ಮೂರೂ ಸಾಲುಗಳನ್ನು ಮೇಲಿನಿಂದ ಕೆಳಗೆ ಓದಿದ. ತಪಾಸಣೆ ಮಾಡಿದವನ ಹಾಗೆ ತಲೆದೂಗಿದ. “ಸರಿ. ಹೋಗಿನ್ನ,” ಅಂದ. ದನಿಯಲ್ಲಿ ಸಿಟ್ಟು ಇರಲಿಲ್ಲ. ಕರುಣೆಯೂ ಇರಲಿಲ್ಲ.

ಕಾಕಾ ಎದ್ದರು. ಚಪ್ಪಲಿ ಮೆಟ್ಟುವಾಗ ನನ್ನ ಕಡೆ ನೋಡಿ, “ಅವ್ವಿ...” ಅಂದರು. ಅವರು ಮುಟ್ಟದ ಚಹಾದ ಕಪ್ಪು ಎತ್ತಿಕೊಂಡು ನಾನು ಒಳಗೆ ಹೋದೆ. ಆಮೇಲೆ ಅವರು ಬಂದಿಲ್ಲ. ಅವರು ಹೇಳಿದ ಕಾರಣ ಸುಳ್ಳಿರಲಿಕ್ಕಿಲ್ಲ. ಆದರೂ ನನಗೆ ಕ್ಷಮಿಸುವುದಕ್ಕೆ ಆಗಿಲ್ಲ. ಮೇಲಿನವರು ನೆಪ ಹೇಳು ಅಂದಿದ್ದರು, ಗುಂಡಿ ಹಾಕು ಅಂದಿರಲಿಲ್ಲ. ಹೊಟ್ಟೆಯ ಚಿಂತೆಯಿಂದ ಬಾಗಿಲು ಮುಚ್ಚಿದವರನ್ನು ಅರ್ಥಮಾಡಿಕೊಳ್ಳಬಹುದು. ಕಲಿಸಿದವನ ಕೈಮೇಲಿನ ಬರಹ ಓದಿ, ಅದನ್ನು ಮುಚ್ಚಿದ್ದಕ್ಕೆ ನನ್ನಲ್ಲಿ ಜಾಗವಿಲ್ಲ.

ಸಂಜೆ ಮೈ ಒರೆಸುವಾಗ ತೋಳಿಗೆ ಸೋಪು ಹಚ್ಚಲು ಹೋದೆ. “ಇರಲಿ,” ಅಂದ ಅಪ್ಪ. ಬಿಟ್ಟೆ. ಊಟ ಮಾಡಿ ಮಲಗಿದೆವು.

ಎದ್ದಾಗ ವರಾಂಡದ ಕನ್ನಡಿಯಿಂದ ಬಿಸಿಲು ತಿರುಗಿ ನನ್ನ ಮಂಚದ ಮೇಲೆ ಬಿದ್ದಿತ್ತು. ಸೋಮವಾರ. ಕಾಲೇಜಿನ ಮೊದಲ ತಾಸು ಇನ್ನು ಸಿಗುವಂತಿರಲಿಲ್ಲ. ಅಪ್ಪ ಪಕ್ಕದ ಮಂಚದಲ್ಲಿ ಬಾಯಿ ತೆರೆದು ಗೊರಕೆ ಹೊಡೆಯುತ್ತಿದ್ದ, ಇನ್ನೂ ದಾಡಿ ಮಾಡದ ಮುಖ, ದಿಂಬಿನ ಮೇಲೆ ತೋಳಿನ ನೀಲಿ ಶಾಯಿಯ ಕಲೆ. ನನ್ನ ಕಾಲಿನ ಸಪ್ಪಳಕ್ಕೆ ಅರ್ಧ ಕಣ್ಣು ತೆರೆದ.

“ಎಷ್ಟಾತು?”

ಗೋಡೆ ನೋಡಿದೆ. “ಎಂಟ್ ನಲವತ್ತೈದು.”

ಅಪ್ಪ ಎಡಗೈಯ ಬೆರಳು ಮಡಿಚಿ, ಎಂಟು ಇಪ್ಪತ್ತು ದಾಟಿ ಎಷ್ಟಾಯಿತೆಂದು ಲೆಕ್ಕ ಹಾಕಿದ. ಆಮೇಲೆ ಗೋಡೆಯ ಕಡೆ ಹೊರಳಿ ಮತ್ತೆ ಮಲಗಿದ.